ಅಭಿಜಾತೇತರ ತರ್ಕಗಳು: ಸ್ವರೂಪ ಮತ್ತು ತಾತ್ತ್ವಿಕ ಮಹತ್ವ

ಸರಿಯಾದ ಅನುಮಾನವನ್ನು ತಪ್ಪು ಅನುಮಾನದಿಂದ ಬೇರ್ಪಡಿಸಿ ತೋರಿಸುವ ಶಾಸ್ತ್ರವೇ ತರ್ಕಶಾಸ್ತ್ರ. ಒಪ್ಪಿಕೊಂಡ ಹೇಳಿಕೆಗಳಿಂದ ಯಾವ ಹೇಳಿಕೆ ಅನಿವಾರ್ಯವಾಗಿ ಹೊರಡುತ್ತದೆ, ಯಾವುದು ಹೊರಡುವುದಿಲ್ಲ ಎಂಬುದೇ ಅದರ ಮುಖ್ಯ ಪ್ರಶ್ನೆ. ಉಳಿದ ಶಾಸ್ತ್ರಗಳಲ್ಲಿ ಭಿನ್ನಾಭಿಪ್ರಾಯ ಬಂದಾಗ ಎರಡೂ ಪಕ್ಷದವರು ತರ್ಕದ ನಿಯಮಗಳನ್ನು ಒಪ್ಪಿಕೊಂಡೇ ವಾದಿಸುತ್ತಾರೆ. ಆ ನಿಯಮಗಳೇ ವಿವಾದಕ್ಕೆ ಒಳಗಾದರೆ ವಿವಾದವನ್ನು ಯಾವ ಪ್ರಮಾಣದಿಂದ ತೀರ್ಮಾನಿಸಬೇಕು? ಇಪ್ಪತ್ತನೆಯ ಶತಮಾನದಲ್ಲಿ ಬೆಳೆದ ಅಭಿಜಾತೇತರ ತರ್ಕಗಳು ತತ್ತ್ವಶಾಸ್ತ್ರದ ಮುಂದಿಟ್ಟಿರುವ ತೊಡಕು ಇದೇ. ಈ ತರ್ಕಗಳ ಸ್ವರೂಪವನ್ನು ಪರಿಚಯಿಸಿ, ಅವುಗಳಿಂದ ವಿಚಾರಪ್ರಪಂಚಕ್ಕೆ ಒದಗಿರುವ ತಿಳಿವಳಿಕೆ ಏನೆಂಬುದನ್ನು ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

ಅಭಿಜಾತ ತರ್ಕದ ಆಧಾರಗಳು

ಜರ್ಮನಿಯ ತತ್ತ್ವಜ್ಞಾನಿ ಇಮ್ಯಾನುಯೆಲ್ ಕಾಂಟ್ 1787ರಲ್ಲಿ ತನ್ನ ಮೇರುಕೃತಿಯ ಎರಡನೆಯ ಆವೃತ್ತಿಗೆ ಬರೆದ ಮುನ್ನುಡಿಯಲ್ಲಿ, ತರ್ಕಶಾಸ್ತ್ರವು ಅರಿಸ್ಟಾಟಲನ ಕಾಲದಿಂದ ಒಂದು ಹೆಜ್ಜೆಯನ್ನೂ ಮುಂದಿಟ್ಟಿಲ್ಲವೆಂದೂ ಅದು ಪೂರ್ಣಗೊಂಡ ಶಾಸ್ತ್ರದಂತೆ ತೋರುತ್ತದೆಂದೂ ಅಭಿಪ್ರಾಯಪಟ್ಟಿದ್ದನು. ನೂರು ವರ್ಷ ತುಂಬುವುದರೊಳಗೆ ಈ ಮಾತು ಹುಸಿಯಾಯಿತು. ಜಾರ್ಜ್ ಬೂಲ್ 1847 ಮತ್ತು 1854ರ ಕೃತಿಗಳಲ್ಲಿ ತರ್ಕವನ್ನು ಬೀಜಗಣಿತದ ರೂಪಕ್ಕೆ ತಂದರು. ಗಾಟ್ಲೋಬ್ ಫ್ರೇಗೆ 1879ರಲ್ಲಿ 'ಎಲ್ಲ', 'ಕೆಲವು' ಮುಂತಾದ ಪದಗಳ ವ್ಯವಹಾರವನ್ನು ನಿಖರವಾದ ಸಂಕೇತಗಳಲ್ಲಿ ಹಿಡಿದಿಟ್ಟರು. ವೈಟ್‌ಹೆಡ್ ಮತ್ತು ರಸೆಲ್ 1910ರಿಂದ 1913ರವರೆಗೆ ಪ್ರಕಟಿಸಿದ 'ಪ್ರಿನ್ಸಿಪಿಯಾ ಮ್ಯಾಥಮ್ಯಾಟಿಕಾ' ಈ ಪರಂಪರೆಯನ್ನು ನೆಲೆಗೊಳಿಸಿತು. ಇಂದು ಅಭಿಜಾತ ತರ್ಕವೆಂದು ಕರೆಯಲಾಗುವುದು ಇದನ್ನೇ. ಹೆಸರಿನಲ್ಲಿ ಪ್ರಾಚೀನತೆಯ ಧ್ವನಿ ಇದ್ದರೂ ಈ ತರ್ಕಕ್ಕೆ ಒಂದೂವರೆ ಶತಮಾನಕ್ಕಿಂತ ಹೆಚ್ಚಿನ ವಯಸ್ಸಿಲ್ಲ; ಅರಿಸ್ಟಾಟಲನ ತರ್ಕಕ್ಕೂ ಇದಕ್ಕೂ ಕೆಲವು ಮುಖ್ಯ ವ್ಯತ್ಯಾಸಗಳಿವೆ.

ಅಭಿಜಾತ ತರ್ಕವು ನಾಲ್ಕು ನಂಬಿಕೆಗಳ ಮೇಲೆ ನಿಂತಿದೆ. ಪ್ರತಿಯೊಂದು ಹೇಳಿಕೆಯೂ ಸತ್ಯವಾಗಿರುತ್ತದೆ ಇಲ್ಲವೇ ಅಸತ್ಯವಾಗಿರುತ್ತದೆ, ಮೂರನೆಯ ಸ್ಥಿತಿಯಿಲ್ಲ ಎಂಬುದು ದ್ವಿಮೌಲ್ಯ ತತ್ತ್ವ. 'ಕ ಅಥವಾ ಕ ಅಲ್ಲ' ಎಂಬ ರೂಪದ ವಾಕ್ಯ ಯಾವಾಗಲೂ ಸತ್ಯ ಎಂಬುದು ಮಧ್ಯಮ ವರ್ಜನ ನಿಯಮ. 'ಕ ಹೌದು, ಕ ಅಲ್ಲ' ಎಂಬೆರಡೂ ಏಕಕಾಲದಲ್ಲಿ ಸತ್ಯವಾಗಲಾರವು ಎಂಬುದು ಅವಿರೋಧ ನಿಯಮ. ಪರಸ್ಪರ ವಿರುದ್ಧವಾದ ಎರಡು ಹೇಳಿಕೆಗಳನ್ನು ಒಪ್ಪಿಕೊಂಡರೆ ಅವುಗಳಿಂದ ಬೇಕಾದ ಯಾವ ಹೇಳಿಕೆಯನ್ನಾದರೂ ಸಾಧಿಸಬಹುದು ಎಂಬುದು ನಾಲ್ಕನೆಯದು. ಇದಕ್ಕೆ ಸ್ಫೋಟ ನಿಯಮವೆಂಬ ಹೆಸರು ರೂಢಿಯಲ್ಲಿದೆ. ಈ ನಾಲ್ಕೂ ನಿಸ್ಸಂದೇಹವೆಂದು ತೋರುವುದರಿಂದಲೇ ಇವು ನಂಬಿಕೆಗಳು ಎಂಬ ಸಂಗತಿ ಸುಲಭವಾಗಿ ಗಮನಕ್ಕೆ ಬರುವುದಿಲ್ಲ.

ಅಭಿಜಾತೇತರ ತರ್ಕಗಳಲ್ಲಿ ಎರಡು ಬಗೆಗಳನ್ನು ಗುರುತಿಸುವುದು ವಾಡಿಕೆ. ಸೂಸನ್ ಹಾಕ್ ಅವರ 1974ರ ಗ್ರಂಥ ಈ ವಿಂಗಡಣೆಯನ್ನು ಸ್ಪಷ್ಟಪಡಿಸಿತು. ಮೊದಲನೆಯ ಬಗೆ ವಿಸ್ತರಣೆ. ಅಭಿಜಾತ ತರ್ಕದ ಯಾವ ನಿಯಮವನ್ನೂ ಬಿಡದೆ ಅದಕ್ಕೆ ಹೊಸ ಪದಗಳನ್ನು ಸೇರಿಸುವುದು. 'ಅವಶ್ಯವಾಗಿ', 'ಸಂಭವನೀಯವಾಗಿ' ಎಂಬ ಪದಗಳ ವ್ಯವಹಾರವನ್ನು ವಿವರಿಸುವ ಪ್ರಕಾರ ತರ್ಕ ಇದಕ್ಕೆ ಉದಾಹರಣೆ. ಸಿ. ಐ. ಲೂಯಿಸ್ 1918ರಲ್ಲಿ ಅದಕ್ಕೆ ಆಧುನಿಕ ರೂಪ ಕೊಟ್ಟರು. ಸಾಲ್ ಕ್ರಿಪ್ಕಿ 1959 ಮತ್ತು 1963ರ ಲೇಖನಗಳಲ್ಲಿ, ಸಾಧ್ಯ ಲೋಕಗಳ ಪರಿಕಲ್ಪನೆಯನ್ನು ಬಳಸಿ ಅದರ ಅರ್ಥವಿಚಾರವನ್ನು ಭದ್ರಪಡಿಸಿದರು. ಎರಡನೆಯ ಬಗೆ ಪ್ರತಿಸ್ಪರ್ಧೆ. ಅಭಿಜಾತ ತರ್ಕ ಸರಿಯೆಂದು ಒಪ್ಪುವ ಯಾವುದಾದರೊಂದು ಅನುಮಾನವನ್ನು ಸರಿಯಲ್ಲವೆಂದು ಕೈಬಿಡುವುದು. ತತ್ತ್ವಶಾಸ್ತ್ರದ ದೃಷ್ಟಿಯಿಂದ ಹೆಚ್ಚು ತೀಕ್ಷ್ಣವಾದ ಪ್ರಶ್ನೆಗಳು ಈ ಎರಡನೆಯ ಬಗೆಯಿಂದ ಹುಟ್ಟುವುದರಿಂದ ಇಲ್ಲಿ ಅದರ ಮೂರು ಮುಖ್ಯ ಪ್ರಭೇದಗಳನ್ನು ವಿವೇಚಿಸಲಾಗಿದೆ.

ಬಹುಮೌಲ್ಯ ತರ್ಕ

'ನಾಳೆ ಸಮುದ್ರದಲ್ಲಿ ಯುದ್ಧ ನಡೆಯುತ್ತದೆ' ಎಂಬ ಹೇಳಿಕೆಯನ್ನು ಅರಿಸ್ಟಾಟಲ್ ವಾಕ್ಯಗಳ ಸ್ವರೂಪವನ್ನು ಕುರಿತ ತನ್ನ ಕೃತಿಯ ಒಂಬತ್ತನೆಯ ಅಧ್ಯಾಯದಲ್ಲಿ ಚರ್ಚಿಸುತ್ತಾನೆ. ಈ ಹೇಳಿಕೆ ಇಂದೇ ಸತ್ಯವಾಗಿದ್ದರೆ ನಾಳೆಯ ಯುದ್ಧವನ್ನು ತಪ್ಪಿಸಲು ಯಾರಿಂದಲೂ ಸಾಧ್ಯವಿಲ್ಲ. ಇಂದೇ ಅಸತ್ಯವಾಗಿದ್ದರೆ ಅದನ್ನು ನಡೆಸಲು ಯಾರಿಂದಲೂ ಸಾಧ್ಯವಿಲ್ಲ. ಎರಡರಲ್ಲಿ ಒಂದು ನಿಶ್ಚಿತವೆಂದಾದರೆ ಮನುಷ್ಯನ ಆಲೋಚನೆ, ಪ್ರಯತ್ನಗಳಿಗೆ ಎಡೆಯೆಲ್ಲಿ? ಪೋಲೆಂಡಿನ ತರ್ಕಶಾಸ್ತ್ರಜ್ಞ ಯಾನ್ ಲುಕಾಸೀವಿಚ್ ಈ ಪ್ರಶ್ನೆಗೆ ಉತ್ತರವಾಗಿ 1920ರಲ್ಲಿ ಮೂರು ಮೌಲ್ಯಗಳ ತರ್ಕವನ್ನು ಮಂಡಿಸಿದರು. ಸತ್ಯಕ್ಕೆ 1, ಅಸತ್ಯಕ್ಕೆ 0, ಇನ್ನೂ ನಿರ್ಧಾರವಾಗದ ಹೇಳಿಕೆಗೆ ಅರ್ಧ ಎಂಬುದು ಅವರ ಏರ್ಪಾಡು. ಮೌಲ್ಯ ಅರ್ಧವಾಗಿರುವ ಹೇಳಿಕೆಯ ನಿಷೇಧದ ಮೌಲ್ಯವೂ ಅರ್ಧ. 'ಮತ್ತು' ಎಂದು ಸೇರಿಸಿದಾಗ ಎರಡರಲ್ಲಿ ಚಿಕ್ಕದಾದ ಮೌಲ್ಯವೂ, 'ಅಥವಾ' ಎಂದು ಸೇರಿಸಿದಾಗ ದೊಡ್ಡದಾದ ಮೌಲ್ಯವೂ ಲಭಿಸುತ್ತದೆ.

ಈ ಏರ್ಪಾಡಿನಿಂದ ಭವಿಷ್ಯ ತೆರೆದುಕೊಳ್ಳುತ್ತದೆ. ಆದರೆ ಅದಕ್ಕೆ ಬೆಲೆ ತೆರಬೇಕಾಗುತ್ತದೆ. 'ನಾಳೆ ಯುದ್ಧ ನಡೆಯುತ್ತದೆ ಅಥವಾ ನಡೆಯುವುದಿಲ್ಲ' ಎಂಬ ವಾಕ್ಯದ ಮೌಲ್ಯವೂ ಅರ್ಧಕ್ಕೆ ಇಳಿಯುತ್ತದೆ. ನಾಳೆ ಏನೇ ಆದರೂ ಈ ವಾಕ್ಯ ನಿಜವಾಗಲೇಬೇಕಲ್ಲವೇ ಎಂಬ ಆಕ್ಷೇಪ ಸಹಜ. 'ನಡೆಯುತ್ತದೆ ಮತ್ತು ನಡೆಯುವುದಿಲ್ಲ' ಎಂಬ ಸ್ಪಷ್ಟ ವಿರೋಧಕ್ಕೂ ಅಷ್ಟೇ ಮೌಲ್ಯ ದೊರೆಯುವುದು ಇನ್ನೂ ವಿಚಿತ್ರ. ಬಾಸ್ ವಾನ್ ಫ್ರಾಸನ್ 1966ರಲ್ಲಿ ಬೇರೊಂದು ಉದ್ದೇಶಕ್ಕಾಗಿ ರೂಪಿಸಿದ ಅಧಿಮೌಲ್ಯನ ವಿಧಾನ ಇಲ್ಲಿ ನೆರವಿಗೆ ಬರುತ್ತದೆ. ಅನಿಶ್ಚಿತವಾದದ್ದನ್ನು ಯಾವ ರೀತಿಯಲ್ಲಿ ನಿಶ್ಚಯಿಸಿದರೂ ಸತ್ಯವಾಗಿ ಉಳಿಯುವ ವಾಕ್ಯವನ್ನು ಮಾತ್ರ ಸತ್ಯವೆನ್ನಬೇಕು ಎಂಬುದು ಅದರ ಸಾರ. ಆಗ 'ನಡೆಯುತ್ತದೆ' ಎಂಬುದೂ 'ನಡೆಯುವುದಿಲ್ಲ' ಎಂಬುದೂ ಇಂದು ಸತ್ಯವಲ್ಲದಿದ್ದರೂ 'ನಡೆಯುತ್ತದೆ ಅಥವಾ ನಡೆಯುವುದಿಲ್ಲ' ಎಂಬುದು ಸತ್ಯವಾಗುತ್ತದೆ. ಹೀಗೆ ಒಂದೇ ಎಂದು ಬಹುಕಾಲ ಭಾವಿಸಲಾಗಿದ್ದ ದ್ವಿಮೌಲ್ಯ ತತ್ತ್ವ ಮತ್ತು ಮಧ್ಯಮ ವರ್ಜನ ನಿಯಮಗಳು ಬೇರೆ ಬೇರೆ ಎಂಬುದು ಸ್ಥಿರಪಟ್ಟಿತು.

ಮೌಲ್ಯಗಳ ಸಂಖ್ಯೆಯನ್ನು ಮೂರಕ್ಕೆ ನಿಲ್ಲಿಸಬೇಕಾಗಿಲ್ಲ. ಕಣದಲ್ಲಿರುವ ರಾಗಿಯ ರಾಶಿಯಿಂದ ಒಂದು ಕಾಳನ್ನು ತೆಗೆದರೆ ಅದು ರಾಶಿಯಾಗಿಯೇ ಉಳಿಯುತ್ತದೆ. ಇನ್ನೊಂದನ್ನು ತೆಗೆದರೂ ಹಾಗೆಯೇ. ಈ ಅನುಮಾನವನ್ನು ಮುಂದುವರಿಸುತ್ತ ಹೋದರೆ ಉಳಿದ ಒಂದೇ ಕಾಳನ್ನೂ ರಾಶಿಯೆನ್ನಬೇಕಾಗುತ್ತದೆ. ಗ್ರೀಕರ ಕಾಲದಿಂದ ಪ್ರಸಿದ್ಧವಾಗಿರುವ ಈ ಸಮಸ್ಯೆಗೆ, ಸತ್ಯವು 1ರಿಂದ 0ರವರೆಗೆ ಹಂತಹಂತವಾಗಿ ಕುಗ್ಗುತ್ತದೆ ಎಂಬ ಉತ್ತರವನ್ನು ಅಸ್ಫುಟ ತರ್ಕ ಕೊಡುತ್ತದೆ. ಲೋತ್ಫಿ ಜಾದೇ ಅವರು 1965ರಲ್ಲಿ ಮಂಡಿಸಿದ ಅಸ್ಫುಟ ಗಣಗಳ ಸಿದ್ಧಾಂತ ಇದರ ಮೂಲ. ಜಪಾನಿನ ಸೆಂದಾಯಿ ನಗರದಲ್ಲಿ 1987ರಲ್ಲಿ ಆರಂಭವಾದ ಸುರಂಗ ರೈಲಿನ ವೇಗ ನಿಯಂತ್ರಣದಲ್ಲಿ ಈ ವಿಧಾನವನ್ನು ಅಳವಡಿಸಲಾಯಿತು. ಯಂತ್ರಗಳಲ್ಲಿ ಅದು ಸಫಲವಾದರೂ ತಾತ್ತ್ವಿಕ ಪ್ರಶ್ನೆ ಉಳಿದೇ ಇದೆ. ಒಂದು ರಾಶಿ '0.7ರಷ್ಟು ರಾಶಿ' ಎನ್ನುವಾಗ 0.69 ಅಲ್ಲದೆ 0.7 ಏಕೆ? ಅಸ್ಪಷ್ಟತೆಯನ್ನು ವಿವರಿಸಲು ಹೊರಟ ಸಿದ್ಧಾಂತ ಅತಿಯಾದ ಸ್ಪಷ್ಟತೆಯನ್ನು ಊಹಿಸಿಕೊಂಡಂತಾಗುತ್ತದೆ.

ಅಂತಃಪ್ರಜ್ಞಾವಾದಿ ತರ್ಕ

ಎರಡನೆಯ ಪ್ರಭೇದದ ಮೂಲ ಗಣಿತದಲ್ಲಿದೆ. ಹಾಲೆಂಡಿನ ಗಣಿತಜ್ಞ ಎಲ್. ಇ. ಜೆ. ಬ್ರೌವರ್ 1907ರ ತಮ್ಮ ಪ್ರೌಢಪ್ರಬಂಧದಲ್ಲಿ ಗಣಿತವು ಮನಸ್ಸಿನ ರಚನಾತ್ಮಕ ಚಟುವಟಿಕೆಯೆಂದು ಪ್ರತಿಪಾದಿಸಿದರು. 1908ರ ಲೇಖನದಲ್ಲಿ ತರ್ಕದ ನಿಯಮಗಳು, ವಿಶೇಷವಾಗಿ ಮಧ್ಯಮ ವರ್ಜನ ನಿಯಮ, ಎಲ್ಲ ಸಂದರ್ಭಗಳಲ್ಲಿಯೂ ನಂಬಲರ್ಹವಲ್ಲವೆಂದು ವಾದಿಸಿದರು. ಗಣಿತದ ಹೇಳಿಕೆ ಸತ್ಯವೆಂದರೆ ಅದರ ಸಾಧನೆ ಕೈಯಲ್ಲಿದೆ ಎಂದರ್ಥ. ಅಸತ್ಯವೆಂದರೆ ಅದನ್ನು ಒಪ್ಪಿದರೆ ವಿರೋಧ ಬರುತ್ತದೆಂಬುದಕ್ಕೆ ಸಾಧನೆ ಇದೆ ಎಂದರ್ಥ. ಎರಡಕ್ಕಿಂತ ದೊಡ್ಡದಾದ ಪ್ರತಿಯೊಂದು ಸಮಸಂಖ್ಯೆಯೂ ಎರಡು ಅವಿಭಾಜ್ಯ ಸಂಖ್ಯೆಗಳ ಮೊತ್ತವೆಂಬ, 1742ರಷ್ಟು ಹಳೆಯದಾದ ಗೋಲ್ಡ್‌ಬಾಕ್ ಊಹೆಗೆ ಸಾಧನೆಯೂ ಇಲ್ಲ, ಖಂಡನೆಯೂ ಇಲ್ಲ. ಹೀಗಿರುವಾಗ 'ಊಹೆ ಸತ್ಯ ಅಥವಾ ಅಸತ್ಯ' ಎಂದು ಘೋಷಿಸಲು ಯಾವ ಆಧಾರವಿದೆ ಎಂಬುದು ಬ್ರೌವರ್ ಅವರ ಪ್ರಶ್ನೆ.

ಈ ಪ್ರಶ್ನೆಯ ಮರ್ಮವನ್ನು ಒಂದು ಪ್ರಸಿದ್ಧ ಉದಾಹರಣೆ ತೆರೆದು ತೋರಿಸುತ್ತದೆ. ಒಂದು ಅಭಾಗಲಬ್ಧ ಸಂಖ್ಯೆಯನ್ನು ಇನ್ನೊಂದು ಅಭಾಗಲಬ್ಧ ಘಾತಕ್ಕೆ ಏರಿಸಿದಾಗ ಭಾಗಲಬ್ಧ ಸಂಖ್ಯೆ ದೊರೆಯುವಂತಹ ಜೋಡಿ ಇದೆಯೇ? ಎರಡರ ವರ್ಗಮೂಲವನ್ನು ಅದೇ ವರ್ಗಮೂಲದ ಘಾತಕ್ಕೆ ಏರಿಸಿದಾಗ ಬರುವ ಸಂಖ್ಯೆಯನ್ನು 'ಮ' ಎಂದು ಕರೆಯಬಹುದು. 'ಮ' ಭಾಗಲಬ್ಧವಾಗಿದ್ದರೆ ಬೇಕಾದ ಜೋಡಿ ಸಿಕ್ಕಿತು. 'ಮ' ಅಭಾಗಲಬ್ಧವಾಗಿದ್ದರೆ ಅದನ್ನು ಮತ್ತೆ ಎರಡರ ವರ್ಗಮೂಲದ ಘಾತಕ್ಕೆ ಏರಿಸಿದಾಗ 2 ಬರುತ್ತದೆ. ಆಗಲೂ ಜೋಡಿ ಸಿಕ್ಕಿತು. ಅಭಿಜಾತ ತರ್ಕದ ಪ್ರಕಾರ ಸಾಧನೆ ಇಲ್ಲಿಗೆ ಮುಗಿಯಿತು. ಆದರೆ ಆ ಜೋಡಿ ಯಾವುದೆಂದು ಕೇಳಿದರೆ ಈ ಸಾಧನೆಯಲ್ಲಿ ಉತ್ತರವಿಲ್ಲ. ಗೆಲ್ಫಾಂಡ್ ಮತ್ತು ಶ್ನೈಡರ್ 1934ರಲ್ಲಿ ಸಾಧಿಸಿದ ಪ್ರಮೇಯದಿಂದ 'ಮ' ಅಭಾಗಲಬ್ಧವೆಂದು ತಿಳಿಯುತ್ತದೆ. ಆದರೆ ಅದು ಬೇರೆಯೇ ಶ್ರಮದ ಫಲ. ವಸ್ತುವನ್ನು ತೋರಿಸದೆ 'ಇದೆ' ಎನ್ನಬಹುದೇ ಎಂಬುದೇ ಇಲ್ಲಿನ ವಿವಾದ.

ಈ ವಿವಾದ ಶೈಕ್ಷಣಿಕ ಕುತೂಹಲದ ಮಟ್ಟದಲ್ಲಿ ಉಳಿಯಲಿಲ್ಲ. ಡೇವಿಡ್ ಹಿಲ್ಬರ್ಟ್ ಅವರ ದೃಷ್ಟಿಯಲ್ಲಿ ಮಧ್ಯಮ ವರ್ಜನ ನಿಯಮವನ್ನು ಗಣಿತಜ್ಞನಿಂದ ಕಸಿದುಕೊಳ್ಳುವುದು ಅವನ ಕೈ ಕಟ್ಟಿಹಾಕಿದಂತೆ. ಇಬ್ಬರ ನಡುವಿನ ವೈಮನಸ್ಯ ಬೆಳೆದು 1928ರಲ್ಲಿ ಹಿಲ್ಬರ್ಟ್ ಅವರು 'ಮಥೆಮಾಟಿಷೆ ಅನಾಲೆನ್' ಪತ್ರಿಕೆಯ ಸಂಪಾದಕ ಮಂಡಲಿಯಿಂದ ಬ್ರೌವರ್ ಅವರನ್ನು ಹೊರಗಿಟ್ಟರು. ಆದರೆ ವಿಚಾರ ಅಲ್ಲಿಗೆ ನಿಲ್ಲಲಿಲ್ಲ. ಬ್ರೌವರ್ ಅವರ ಶಿಷ್ಯ ಆರೆಂಡ್ ಹೇಟಿಂಗ್ 1930ರಲ್ಲಿ ಈ ತರ್ಕಕ್ಕೆ ಸೂತ್ರರೂಪ ಕೊಟ್ಟರು. ಸಾಧನೆಯೆಂದರೆ ರಚನೆ ಎಂಬ ನೋಟ ಮುಂದೆ ಗಣಕಶಾಸ್ತ್ರದಲ್ಲಿ ಅನಿರೀಕ್ಷಿತವಾಗಿ ಫಲಿಸಿತು: ಅಂತಃಪ್ರಜ್ಞಾವಾದಿ ತರ್ಕದ ಒಂದೊಂದು ಸಾಧನೆಯನ್ನೂ ಗಣಕದಲ್ಲಿ ನಡೆಸಬಹುದಾದ ಒಂದೊಂದು ಕ್ರಮವಿಧಿಯಾಗಿ ಓದಬಹುದೆಂಬುದು ಸ್ಪಷ್ಟವಾಯಿತು. ಈ ತಳಹದಿಯ ಮೇಲೆ ಕಟ್ಟಿದ 'ಕಾಕ್' ಎಂಬ ವ್ಯವಸ್ಥೆಯ ನೆರವಿನಿಂದ ಜಾರ್ಜ್ ಗಾಂತಿಯೆ 2005ರಲ್ಲಿ ನಾಲ್ಕು ಬಣ್ಣಗಳ ಪ್ರಮೇಯದ ಸಾಧನೆಯನ್ನು ಪೂರ್ಣವಾಗಿ ಪರಿಶೀಲಿಸಿದರು.

ವಿರೋಧಸಹಿಷ್ಣು ತರ್ಕ

ಮೂರನೆಯ ಪ್ರಭೇದ ಸ್ಫೋಟ ನಿಯಮವನ್ನು ತಿರಸ್ಕರಿಸುತ್ತದೆ. ಆ ನಿಯಮದ ಸಾಧನೆ ಸರಳವಾದುದು. 'ಕ' ಮತ್ತು 'ಕ ಅಲ್ಲ' ಎರಡನ್ನೂ ಒಪ್ಪಲಾಗಿದೆ ಎಂದಿಟ್ಟುಕೊಂಡರೆ, 'ಕ' ಇರುವುದರಿಂದ 'ಕ ಅಥವಾ ಖ' ಎನ್ನಬಹುದು. 'ಕ ಅಲ್ಲ' ಎಂದಿರುವುದರಿಂದ 'ಖ' ಉಳಿಯುತ್ತದೆ. 'ಖ' ಏನಾದರೂ ಆಗಿರಬಹುದು. ವಾಸ್ತವ ಜೀವನದಲ್ಲಿ ಯಾರೂ ಹೀಗೆ ವಿಚಾರ ಮಾಡುವುದಿಲ್ಲ. ಕಂದಾಯ ದಾಖಲೆಗಳಲ್ಲಿ ಒಂದೇ ಸರ್ವೆ ನಂಬರಿನ ಜಮೀನು ಒಂದು ಪುಟದಲ್ಲಿ ಒಬ್ಬರ ಹೆಸರಿಗೂ ಇನ್ನೊಂದು ಪುಟದಲ್ಲಿ ಮತ್ತೊಬ್ಬರ ಹೆಸರಿಗೂ ಇದ್ದರೆ, ಅದರಿಂದ ಇಡೀ ತಾಲ್ಲೂಕಿನ ಜಮೀನೆಲ್ಲ ಮೂರನೆಯವರದೆಂದು ಯಾವ ಅಧಿಕಾರಿಯೂ ತೀರ್ಮಾನಿಸುವುದಿಲ್ಲ. ವಿರೋಧವನ್ನು ಅದು ಇರುವ ಜಾಗದಲ್ಲಿಯೇ ತಡೆದಿಟ್ಟು ಉಳಿದ ದಾಖಲೆಗಳನ್ನು ಬಳಸಲಾಗುತ್ತದೆ. ವಿಜ್ಞಾನದ ಚರಿತ್ರೆಯಲ್ಲಿಯೂ ಇದೇ ಕ್ರಮ ಕಂಡುಬರುತ್ತದೆ. ನೀಲ್ಸ್ ಬೋರ್ ಅವರ 1913ರ ಪರಮಾಣು ಸಿದ್ಧಾಂತ ಪರಸ್ಪರ ಹೊಂದದ ತತ್ತ್ವಗಳನ್ನು ಒಟ್ಟಿಗೆ ಬಳಸಿಯೂ ಫಲಕಾರಿಯಾಯಿತು.

ಪೋಲೆಂಡಿನ ಸ್ಟಾನಿಸ್ವಾವ್ ಯಾಸ್ಕೋವ್‌ಸ್ಕಿ 1948ರಲ್ಲಿ, ಬ್ರೆಜಿಲ್‌ನ ನ್ಯೂಟನ್ ಡ ಕೋಸ್ಟ 1963ರಲ್ಲಿ ಸ್ಫೋಟಕ್ಕೆ ಒಳಗಾಗದ ತರ್ಕಗಳನ್ನು ರಚಿಸಿದರು. ಗಣಕವು ತನಗೆ ದೊರೆತ ಮಾಹಿತಿಯನ್ನು ಹೇಗೆ ಬಳಸಬೇಕೆಂಬ ಪ್ರಶ್ನೆಯನ್ನು ಮುಂದಿಟ್ಟುಕೊಂಡು ನ್ಯೂಯೆಲ್ ಬೆಲ್ನಾಪ್ 1977ರಲ್ಲಿ ನಾಲ್ಕು ಮೌಲ್ಯಗಳ ತರ್ಕವನ್ನು ಸೂಚಿಸಿದರು: ಸತ್ಯವೆಂದು ತಿಳಿಸಲಾಗಿದೆ, ಅಸತ್ಯವೆಂದು ತಿಳಿಸಲಾಗಿದೆ, ಎರಡೂ ತಿಳಿಸಲಾಗಿದೆ, ಯಾವುದೂ ತಿಳಿಸಲಾಗಿಲ್ಲ. ಇವರೆಲ್ಲರಿಗಿಂತ ಮುಂದೆ ಹೋಗಿ ಗ್ರಹಾಂ ಪ್ರೀಸ್ಟ್ ಅವರು, 1979ರ ಲೇಖನದಿಂದ ಮೊದಲ್ಗೊಂಡು, ಕೆಲವು ವಿರೋಧಗಳು ನಿಜವಾಗಿಯೂ ಸತ್ಯವೆಂದು ವಾದಿಸಿದ್ದಾರೆ. 'ಈ ವಾಕ್ಯ ಅಸತ್ಯ' ಎಂಬ ವಾಕ್ಯ ಅವರ ಮುಖ್ಯ ನಿದರ್ಶನ: ಅದು ಸತ್ಯವಾದರೆ ಅಸತ್ಯ, ಅಸತ್ಯವಾದರೆ ಸತ್ಯ.

ಇಲ್ಲಿಯೂ ಬೆಲೆ ಉಂಟು. ಸ್ಫೋಟವನ್ನು ತಡೆಯಲು ಇಂತಹ ಹಲವು ತರ್ಕಗಳು 'ಕ ಅಥವಾ ಖ, ಕ ಅಲ್ಲ, ಆದ್ದರಿಂದ ಖ' ಎಂಬ ಅನುಮಾನವನ್ನು ಸಾರ್ವತ್ರಿಕ ನಿಯಮವಾಗಿ ಒಪ್ಪುವುದಿಲ್ಲ. ಬೀಗದ ಕೈ ಮೇಜಿನ ಮೇಲಿದೆ ಇಲ್ಲವೇ ಪೆಟ್ಟಿಗೆಯಲ್ಲಿದೆ, ಮೇಜಿನ ಮೇಲಿಲ್ಲ, ಆದ್ದರಿಂದ ಪೆಟ್ಟಿಗೆಯಲ್ಲಿದೆ ಎಂದು ದಿನನಿತ್ಯ ಮಾಡುವ ಅನುಮಾನವನ್ನು ವಿರೋಧವಿಲ್ಲದ ಸಂದರ್ಭಗಳಿಗೆ ಮಾತ್ರ ಸೀಮಿತಗೊಳಿಸಬೇಕಾಗುತ್ತದೆ.

ಭಾರತೀಯ ದರ್ಶನಗಳ ಸಂದರ್ಭ

ಇಂತಹ ಚರ್ಚೆಗಳನ್ನು ಓದುವಾಗ ಜೈನರ ಸ್ಯಾದ್ವಾದವೂ ನಾಗಾರ್ಜುನನ ಚತುಷ್ಕೋಟಿಯೂ ನೆನಪಿಗೆ ಬರುವುದು ಸ್ವಾಭಾವಿಕ. ಸಪ್ತಭಂಗಿಯ ಪ್ರಕಾರ ವಸ್ತುವೊಂದನ್ನು ಕುರಿತು 'ಒಂದು ದೃಷ್ಟಿಯಿಂದ ಇದೆ', 'ಒಂದು ದೃಷ್ಟಿಯಿಂದ ಇಲ್ಲ', 'ಒಂದು ದೃಷ್ಟಿಯಿಂದ ಅವಕ್ತವ್ಯ' ಎಂಬ ಮೂರು ಮೂಲ ಭಂಗಗಳನ್ನೂ ಅವುಗಳ ಸಂಯೋಗದಿಂದ ಬರುವ ನಾಲ್ಕು ಭಂಗಗಳನ್ನೂ ಹೇಳಬಹುದು. 'ಆಪ್ತಮೀಮಾಂಸೆ'ಯ ಕರ್ತೃ ಸಮಂತಭದ್ರ, ಅದಕ್ಕೆ 'ಅಷ್ಟಶತೀ' ಎಂಬ ವ್ಯಾಖ್ಯಾನ ಬರೆದ ಅಕಲಂಕ ಇವರು ಈ ವಿಚಾರವನ್ನು ಬೆಳೆಸಿದ ಪ್ರಮುಖರು. ಶ್ರವಣಬೆಳಗೊಳದ ಶಾಸನಗಳು ಇವರನ್ನು ಮಹಾವಾದಿಗಳೆಂದು ಸ್ತುತಿಸಿವೆ. ಸತ್ತೆ ಮತ್ತು ಅಸತ್ತೆಗಳು ಒಂದೇ ವಸ್ತುವಿನಲ್ಲಿ ಏಕಕಾಲದಲ್ಲಿ ಇರಲಾರವು ಎಂದು ಶಂಕರರು ಬ್ರಹ್ಮಸೂತ್ರಭಾಷ್ಯದಲ್ಲಿ ಇದನ್ನು ಖಂಡಿಸಿದರು. ಜೈನರ ಸಮಾಧಾನ ಹೀಗಿದೆ: ಮಡಕೆಯು ತನ್ನ ದ್ರವ್ಯ, ಕ್ಷೇತ್ರ, ಕಾಲ, ಭಾವಗಳ ದೃಷ್ಟಿಯಿಂದ ಇದೆ, ಪರದ್ರವ್ಯಾದಿಗಳ ದೃಷ್ಟಿಯಿಂದ ಇಲ್ಲ. ದೃಷ್ಟಿ ಬೇರೆಯಾದುದರಿಂದ ವಿರೋಧವಿಲ್ಲ. ಹಾಗಾದರೆ ಸ್ಯಾದ್ವಾದ ಅವಿರೋಧ ನಿಯಮವನ್ನು ಬಿಡುವುದಿಲ್ಲ, ಕಾಪಾಡುತ್ತದೆ ಎನ್ನಬಹುದು. ಆದರೆ ಎರಡನ್ನೂ ಒಟ್ಟಿಗೆ ಹೇಳಹೊರಟಾಗ ಬರುವ 'ಅವಕ್ತವ್ಯ'ವನ್ನು ಹೇಗೆ ಅರ್ಥೈಸಬೇಕೆಂಬಲ್ಲಿ ಆಧುನಿಕ ವಿದ್ವಾಂಸರಲ್ಲಿ ಭಿನ್ನಮತವಿದೆ. ಸಂಖ್ಯಾಶಾಸ್ತ್ರಜ್ಞ ಪಿ. ಸಿ. ಮಹಾಲನೋಬಿಸ್ 1954ರಲ್ಲಿ ಸಪ್ತಭಂಗಿಯನ್ನು ಸಂಭವನೀಯತೆಯ ಪರಿಕಲ್ಪನೆಯೊಡನೆ ಹೋಲಿಸಿದರು, ಜೆ. ಬಿ. ಎಸ್. ಹಾಲ್ಡೇನ್ 1957ರಲ್ಲಿ ಈ ಚರ್ಚೆಯನ್ನು ಮುಂದುವರಿಸಿದರು.

ಚತುಷ್ಕೋಟಿಯಲ್ಲಿ 'ಇದೆ', 'ಇಲ್ಲ', 'ಎರಡೂ', 'ಎರಡೂ ಅಲ್ಲ' ಎಂಬ ನಾಲ್ಕೂ ಪಕ್ಷಗಳನ್ನು ನಿರಾಕರಿಸಲಾಗುತ್ತದೆ. ಇದು ಪ್ರಸಜ್ಯ ಪ್ರತಿಷೇಧ, ಅಂದರೆ ಒಂದನ್ನು ನಿರಾಕರಿಸಿ ಅದರ ವಿರುದ್ಧ ಪಕ್ಷವನ್ನು ಹಿಡಿಯದಿರುವ ನಿಷೇಧವೆಂದು ಬಿ. ಕೆ. ಮತಿಲಾಲ್ ವಿವರಿಸಿದ್ದಾರೆ. ಪ್ರಾಚೀನರು ಆಧುನಿಕ ತರ್ಕಗಳನ್ನು ಮೊದಲೇ ಕಂಡಿದ್ದರು ಎನ್ನುವುದು ಈ ಹೋಲಿಕೆಗಳ ತಾತ್ಪರ್ಯವಲ್ಲ. ನಿಷೇಧವೆಂದರೇನು, ಸತ್ಯವು ದೃಷ್ಟಿಸಾಪೇಕ್ಷವೇ ಎಂಬ ಪ್ರಶ್ನೆಗಳು ತರ್ಕದ ನಿಯಮಗಳ ಬುಡದಲ್ಲಿವೆ ಎಂಬುದನ್ನು ಅವರು ಅರಿತಿದ್ದರು ಎಂಬುದಷ್ಟೇ ಇಲ್ಲಿ ಗ್ರಾಹ್ಯ.

ತಾತ್ತ್ವಿಕ ಮಹತ್ವ

ಮೇಲಿನ ಮೂರು ಪ್ರಭೇದಗಳಲ್ಲಿ ಒಂದು ಸಮಾನ ಅಂಶವಿದೆ. ಪ್ರತಿಯೊಂದು ನಿಯಮದ ಹಿಂದೆಯೂ ಸತ್ಯವೆಂದರೇನು ಎಂಬ ಬಗ್ಗೆ ಒಂದು ಒಪ್ಪಂದ ಅಡಗಿದೆ. ದ್ವಿಮೌಲ್ಯ ತತ್ತ್ವವು ಭವಿಷ್ಯವೂ ನಿಶ್ಚಿತವೆಂದು ಭಾವಿಸುತ್ತದೆ. ಮಧ್ಯಮ ವರ್ಜನ ನಿಯಮವು ಅರಿಯುವವರ ಹಂಗಿಲ್ಲದೆ ಸತ್ಯ ಇರುತ್ತದೆಂದು ನಂಬುತ್ತದೆ. ವಾಸ್ತವವಾದದ ವಿವಾದವೇ ಈ ನಿಯಮದ ವಿವಾದವೆಂದು ಮೈಕೆಲ್ ಡಮ್ಮೆಟ್ ತೋರಿಸಿದ್ದು ಈ ಕಾರಣದಿಂದಲೇ. ಸ್ಫೋಟ ನಿಯಮವು ಜಗತ್ತಿನಲ್ಲಾಗಲಿ ಭಾಷೆಯಲ್ಲಾಗಲಿ ವಿರೋಧಕ್ಕೆ ಎಡೆಯೇ ಇಲ್ಲವೆಂದು ಎಣಿಸುತ್ತದೆ. ಅಭಿಜಾತ ತರ್ಕ ಸರಿಯಿರಬಹುದು. ಆದರೆ ಅದು ನಿಷ್ಪಕ್ಷಪಾತವಾದುದಲ್ಲ.

ಹಾಗಿದ್ದರೆ ತರ್ಕದ ನಿಯಮಗಳನ್ನು ಅನುಭವದಿಂದ ತಿದ್ದಬಹುದೇ? ಡಬ್ಲ್ಯೂ. ವಿ. ಕ್ವೈನ್ 1951ರಲ್ಲಿ ಯಾವ ಹೇಳಿಕೆಯೂ ಪರಿಷ್ಕರಣಕ್ಕೆ ಅತೀತವಲ್ಲವೆಂದು ಸಾರಿದರು. ಕ್ವಾಂಟಮ್ ಭೌತವಿಜ್ಞಾನದಲ್ಲಿ 'ಕ ಮತ್ತು (ಖ ಅಥವಾ ಗ)' ಎಂಬುದರಿಂದ '(ಕ ಮತ್ತು ಖ) ಅಥವಾ (ಕ ಮತ್ತು ಗ)' ಎಂದು ಸಾಧಿಸುವ ವಿಭಾಜಕ ನಿಯಮ ಸಲ್ಲುವುದಿಲ್ಲವೆಂದು ಬರ್ಕಾಫ್ ಮತ್ತು ಫಾನ್ ನಾಯ್ಮನ್ 1936ರಲ್ಲಿಯೇ ಸೂಚಿಸಿದ್ದರು. ಹಿಲರಿ ಪಟ್ನಮ್ 1968ರಲ್ಲಿ ಇದನ್ನೇ ಆಧರಿಸಿ ತರ್ಕವೂ ಅನುಭವಾಧೀನವೆಂದು ವಾದಿಸಿ, ಮುಂದೆ ಆ ನಿಲುವಿನಿಂದ ಹಿಂದೆ ಸರಿದರು. ಅದೇ ಕ್ವೈನ್ 1970ರಲ್ಲಿ, ನಿಯಮವನ್ನು ಬದಲಿಸುವವರು 'ಅಲ್ಲ', 'ಅಥವಾ' ಪದಗಳ ಅರ್ಥವನ್ನೇ ಬದಲಿಸುತ್ತಾರೆ, ಅದರಿಂದ ನಿಜವಾದ ಭಿನ್ನಮತವೇ ಇರುವುದಿಲ್ಲ ಎಂದರು. ಜೆ. ಸಿ. ಬೀಲ್ ಮತ್ತು ಗ್ರೆಗ್ ರೆಸ್ಟಾಲ್ 2006ರಲ್ಲಿ, ಸರಿಯಾದ ಅನುಮಾನವೆಂಬ ಕಲ್ಪನೆಗೇ ಒಂದಕ್ಕಿಂತ ಹೆಚ್ಚು ಯುಕ್ತ ವಿವರಣೆಗಳಿವೆ ಎಂಬ ತರ್ಕಬಹುತ್ವವನ್ನು ಪ್ರತಿಪಾದಿಸಿದರು.

ಆರಂಭದಲ್ಲಿ ಎತ್ತಿದ ಪ್ರಶ್ನೆಗೆ ಈ ಚರಿತ್ರೆಯಲ್ಲಿಯೇ ಒಂದು ಉತ್ತರವಿದೆ. ಕುರ್ಟ್ ಗೋಡೆಲ್ 1933ರಲ್ಲಿ, ಅಭಿಜಾತ ಅಂಕಗಣಿತದ ಪ್ರತಿಯೊಂದು ಸಾಧನೆಯನ್ನೂ ನಿಷೇಧಗಳನ್ನು ಸೂಕ್ತವಾಗಿ ಸೇರಿಸುವ ಮೂಲಕ ಅಂತಃಪ್ರಜ್ಞಾವಾದಿ ಅಂಕಗಣಿತಕ್ಕೆ ಪರಿವರ್ತಿಸಬಹುದೆಂದು ತೋರಿಸಿದರು. ಮೊದಲನೆಯದರಲ್ಲಿ ವಿರೋಧ ಅಡಗಿದ್ದರೆ ಎರಡನೆಯದರಲ್ಲಿಯೂ ಅಡಗಿರಲೇಬೇಕು. ಈ ಸಾಧನೆ ಎರಡೂ ಪಕ್ಷಗಳಿಗೆ ಒಪ್ಪಿಗೆಯಾಗುವ ಹೆಜ್ಜೆಗಳಿಂದಲೇ ಕೂಡಿದೆ. ಹಿಲ್ಬರ್ಟ್ ಮತ್ತು ಬ್ರೌವರ್ ಅವರ ಜಗಳ ಸಂಪಾದಕ ಮಂಡಲಿಯ ನಿರ್ಧಾರದಿಂದ ತಿಳಿಯಾಗಲಿಲ್ಲ. ಇಬ್ಬರೂ ಒಪ್ಪಬಹುದಾದ ಕಿರಿದಾದ ನೆಲದ ಮೇಲೆ ನಿಂತು ಒಬ್ಬರು ತೋರಿಸಿದ ಸಂಗತಿಯಿಂದ ಅದರ ಸ್ವರೂಪ ತಿಳಿಯಾಯಿತು.

ತರ್ಕದ ನಿಯಮಗಳು ವಿವಾದಾಸ್ಪದವೆಂದು ಒಪ್ಪಿದ ಮಾತ್ರಕ್ಕೆ ಯಾರು ಏನನ್ನಾದರೂ ಹೇಳಬಹುದು ಎಂದಾಗುವುದಿಲ್ಲ. ಒಂದು ನಿಯಮವನ್ನು ಬಿಡುವವರು ಅದನ್ನು ಏಕೆ ಬಿಡಬೇಕೆಂಬುದಕ್ಕೆ ಕಾರಣ ಕೊಡಬೇಕು, ಬಿಟ್ಟದ್ದರಿಂದ ಯಾವ ಯಾವ ಅನುಮಾನಗಳು ಕೈತಪ್ಪುತ್ತವೆ ಎಂಬ ಲೆಕ್ಕವನ್ನೂ ಒಪ್ಪಿಸಬೇಕು. ನಿಯಮವನ್ನು ಉಳಿಸಿಕೊಳ್ಳುವವರಿಗೂ ಅದೇ ಹೊಣೆ ಇದೆ. ಲುಕಾಸೀವಿಚ್, ಬ್ರೌವರ್, ಪ್ರೀಸ್ಟ್ ಮೊದಲಾದವರ ಕೃಷಿಯಿಂದ ಈ ಹೊಣೆ ಅಭಿಜಾತ ತರ್ಕದ ಮೇಲೂ ಬಿದ್ದಿದೆ. ಪ್ರಶ್ನಿಸಬಾರದ ಅಧಿಕಾರದಂತೆ ಕಾಣುತ್ತಿದ್ದ ಶಾಸ್ತ್ರವನ್ನು ಕಾರಣಗಳನ್ನು ಕೇಳುವ, ಕಾರಣಗಳನ್ನು ಕೊಡುವ ಶಾಸ್ತ್ರವಾಗಿ ಮಾಡಿದ್ದೇ ಅಭಿಜಾತೇತರ ತರ್ಕಗಳ ತಾತ್ತ್ವಿಕ ಸಾಧನೆ.